ಕಾರಿನಿಂದಿಳಿದ ರೇಡಿಯೋ

ದೊಡ್ಡ ಊರುಗಳಲ್ಲೆಲ್ಲ ಗುಜರಿ ಅಂಗಡಿಗಳ ಒಂದು ಬೀದಿ ಇದ್ದೇ ಇರುತ್ತದೆ. ಬೆಂಗಳೂರಿನಲ್ಲಿ ಶಿವಾಜಿನಗರದ ಓಣಿಗಳು ಇದಕ್ಕೆ ಹೆಸರಾಗಿವೆ. ಓಡಿ ಓಡಿ ದಣಿದ ಕಾರುಗಳನ್ನು ಅಲ್ಲಿ ಬಿಚ್ಚಿ, ಬಾಗಿಲುಗಳನ್ನು ಒಂದೆಡೆ, ಗಾಲಿಗಳನ್ನು ಮತ್ತೊಂದೆಡೆ, ಎಂಜಿನ್ನಿನ ಭಾಗಗಳನ್ನು ಇನ್ನೊಂದೆಡೆ ರಾಶಿ ಹಾಕಿರುತ್ತಾರೆ. ಕಬ್ಬಿಣಕ್ಕೆ ತೂಕದ ಬೆಲೆಯುಂಟು. ತಾಮ್ರಕ್ಕೆ ಅದಕ್ಕಿಂತ ಹೆಚ್ಚಿನ ಬೆಲೆಯುಂಟು. ಈ ರಾಶಿಗಳ ನಡುವೆ ಎರಡು ತಿರುಗುಗುಂಡಿಗಳೂ ಅವುಗಳ ನಡುವೆ ಐದು ಒತ್ತುಗುಂಡಿಗಳೂ ಇರುವ, ಧೂಳು ಮುಸುಕಿದ ಒಂದು ಲೋಹದ ಪೆಟ್ಟಿಗೆ ಒಮ್ಮೊಮ್ಮೆ ಕಣ್ಣಿಗೆ ಬೀಳುತ್ತದೆ. ಅದು ಹಳೆಯ ಕಾರಿನ ರೇಡಿಯೋ. ಅಂಬಾಸಡರ್ ಕಾರುಗಳ ತಯಾರಿಕೆ 2014ರಲ್ಲಿ ನಿಂತುಹೋಯಿತು. ಪ್ರೀಮಿಯರ್ ಪದ್ಮಿನಿ ಅದಕ್ಕೂ ಬಹಳ ಮೊದಲೇ ಮರೆಯಾಯಿತು. ಅವುಗಳಲ್ಲಿ ಕುಳಿತು ಹಾಡಿದ ರೇಡಿಯೋಗಳಲ್ಲಿ ಬಹುಪಾಲು ಕಾರಿನೊಡನೆಯೇ ಗುಜರಿ ಸೇರಿದವು. ಕೆಟ್ಟದ್ದು ಕಾರೇ ಹೊರತು ರೇಡಿಯೋ ಅಲ್ಲ ಎಂಬುದನ್ನು ಮಾತ್ರ ಯಾರೂ ವಿಚಾರಿಸಲಿಲ್ಲ.

ಇಂತಹ ರೇಡಿಯೋವನ್ನು ಕೈಯಲ್ಲಿ ಹಿಡಿದೊಯ್ಯುವ ರೇಡಿಯೋವನ್ನಾಗಿ ಮಾರ್ಪಡಿಸುವುದು ಸಾಧ್ಯ. ಮೊದಲೇ ಒಂದು ಮಾತನ್ನು ಒಪ್ಪಿಕೊಳ್ಳಬೇಕು: ಹಣದ ಲೆಕ್ಕದಲ್ಲಿ ಇದು ಲಾಭದ ಕೆಲಸವಲ್ಲ. ಬ್ಯಾಟರಿ, ಮರ, ತಂತಿಗಳಿಗೆ ಆಗುವ ವೆಚ್ಚದಲ್ಲಿ ಅಂಗಡಿಯಿಂದ ಹೊಸದೊಂದು ಕಿರು ರೇಡಿಯೋವನ್ನೇ ತರಬಹುದು. ಆದರೆ ಆ ಕಿರು ರೇಡಿಯೋ ಗ್ರಹಿಸಲಾರದಷ್ಟು ಕ್ಷೀಣವಾದ ಅಲೆಯನ್ನು ಕಾರಿನ ರೇಡಿಯೋ ಗ್ರಹಿಸಬಲ್ಲುದು. ಕಾರು ಬೆಟ್ಟವನ್ನೇರುತ್ತದೆ, ಕಣಿವೆಗೆ ಇಳಿಯುತ್ತದೆ, ಪ್ರಸಾರ ಕೇಂದ್ರದಿಂದ ನೂರಾರು ಕಿಲೋಮೀಟರ್ ದೂರ ಸರಿಯುತ್ತದೆ. ಅಲ್ಲೆಲ್ಲ ಧ್ವನಿ ಒಂದೇ ಸಮನಾಗಿ ಕೇಳಬೇಕೆಂದು ಅದನ್ನು ರಚಿಸಿದವರು ಶ್ರಮಪಟ್ಟಿದ್ದಾರೆ.

ಈ ಗುಣದ ಬೆಲೆ ವಿಪತ್ತಿನ ದಿನಗಳಲ್ಲಿ ತಿಳಿಯುತ್ತದೆ. 1999ರ ಅಕ್ಟೋಬರ್ 29ರಂದು ಒಡಿಶಾದ ಕರಾವಳಿಗೆ ಮಹಾ ಚಂಡಮಾರುತ ಅಪ್ಪಳಿಸಿದಾಗ ವಿದ್ಯುತ್ ಕಂಬಗಳೊಡನೆ ದೂರವಾಣಿಯ ತಂತಿಗಳೂ ನೆಲಕಚ್ಚಿದವು. 2018ರ ಆಗಸ್ಟ್ ತಿಂಗಳಿನಲ್ಲಿ ಕೊಡಗಿನ ಗುಡ್ಡಗಳು ಕುಸಿದಾಗ ರಸ್ತೆಗಳು ಕಡಿದುಹೋಗಿ, ಹಲವು ಹಳ್ಳಿಗಳಲ್ಲಿ ವಿದ್ಯುತ್ತೂ ಇಲ್ಲದೆ ಮೊಬೈಲ್ ದೂರವಾಣಿಯೂ ಇಲ್ಲದೆ ಜನರು ಕತ್ತಲೆಯಲ್ಲಿ ಕಾಲ ಕಳೆದರು. ಯಾವ ದಾರಿ ತೆರೆದಿದೆ, ಎಲ್ಲಿ ಆಶ್ರಯವಿದೆ, ಮಳೆ ಇನ್ನೂ ಹೆಚ್ಚುವುದೇ ಎಂಬ ಸುದ್ದಿಯೇ ಅಂತಹ ಹೊತ್ತಿನಲ್ಲಿ ಅನ್ನದಷ್ಟು ಮುಖ್ಯವಾಗುತ್ತದೆ. ದೂರವಾಣಿಯ ಗೋಪುರ ಕೆಲವೇ ಕಿಲೋಮೀಟರ್ ಸುತ್ತಳತೆಗೆ ಸೇವೆ ನೀಡುತ್ತದೆ. ಅದು ನಿಂತರೆ ಆ ಪ್ರದೇಶವೆಲ್ಲ ಮೌನವಾಗುತ್ತದೆ. ಮಧ್ಯಮ ತರಂಗದ ಪ್ರಬಲ ಪ್ರಸಾರ ಕೇಂದ್ರವಾದರೋ ವಿಪತ್ತಿನ ಸ್ಥಳದಿಂದ ನೂರು ಕಿಲೋಮೀಟರ್ ದೂರದಲ್ಲಿ ಸುರಕ್ಷಿತವಾಗಿ ನಿಂತು ಅಲ್ಲಿಗೂ ದನಿ ಮುಟ್ಟಿಸಬಲ್ಲುದು. ಅದನ್ನು ಆಲಿಸಲು ಮನೆಯ ವಿದ್ಯುತ್ತನ್ನು ನೆಚ್ಚದ ಒಂದು ಒಳ್ಳೆಯ ರೇಡಿಯೋ ಬೇಕು, ಅಷ್ಟೆ.

ಕಾರಿಗೂ ರೇಡಿಯೋಗೂ ನಂಟು ಕುದುರಿದ್ದು ಅಮೆರಿಕದಲ್ಲಿ. ಷಿಕಾಗೋ ನಗರದ ಪಾಲ್ ಗಾಲ್ವಿನ್ ಎಂಬಾತ 1930ರ ಬೇಸಗೆಯಲ್ಲಿ ತನ್ನ ಸ್ಟುಡಿಬೇಕರ್ ಕಾರಿಗೆ ಒಂದು ರೇಡಿಯೋವನ್ನು ಅಳವಡಿಸಿ, ರೇಡಿಯೋ ತಯಾರಕರ ಸಮ್ಮೇಳನ ನಡೆಯುತ್ತಿದ್ದ ಅಟ್ಲಾಂಟಿಕ್ ಸಿಟಿಗೆ ಹೊರಟನು. ಸಮ್ಮೇಳನದಲ್ಲಿ ಮಳಿಗೆ ಹಿಡಿಯುವಷ್ಟು ಹಣ ಅವನಲ್ಲಿರಲಿಲ್ಲ. ಕಾರನ್ನು ಹೊರಗೆ ನಿಲ್ಲಿಸಿ, ಹೋಗಿಬರುವವರಿಗೆ ಕೇಳಿಸುವಂತೆ ರೇಡಿಯೋವನ್ನು ಗಟ್ಟಿಯಾಗಿ ಹಾಡಿಸಿದನು. ಬೇಡಿಕೆಗಳು ಬಂದವು. ಮೋಟಾರು ಕಾರನ್ನೂ ನಾದವನ್ನೂ ನೆನಪಿಸುವಂತೆ ಅವನು ಅದಕ್ಕೆ ಇಟ್ಟ ‘ಮೊಟೊರೋಲಾ’ ಎಂಬ ಹೆಸರೇ ಮುಂದೆ 1947ರಲ್ಲಿ ಅವನ ಸಂಸ್ಥೆಯ ಹೆಸರೂ ಆಯಿತು. ಇದಾದ ಐದು ವರ್ಷಕ್ಕೆ, 1935ರ ಸೆಪ್ಟೆಂಬರ್ 10ರಂದು, ಮೈಸೂರಿನಲ್ಲಿ ಪ್ರಾಧ್ಯಾಪಕ ಎಂ. ವಿ. ಗೋಪಾಲಸ್ವಾಮಿಯವರು ತಮ್ಮ ಮನೆಯಿಂದಲೇ ಪ್ರಸಾರವನ್ನು ಆರಂಭಿಸಿದರು. ‘ಆಕಾಶವಾಣಿ’ ಎಂಬ ಹೆಸರು ಬಂದದ್ದು ಆ ಪುಟ್ಟ ಕೇಂದ್ರದಿಂದ.

ಆ ಕಾಲದ ಕಾರಿನ ರೇಡಿಯೋಗಳು ನಿರ್ವಾತ ಕೊಳವೆಗಳಿಂದ, ಎಂದರೆ ವಾಲ್ವುಗಳಿಂದ ಕೆಲಸ ಮಾಡುತ್ತಿದ್ದವು. ವಾಲ್ವಿಗೆ ನೂರಾರು ವೋಲ್ಟುಗಳ ಒತ್ತಡ ಬೇಕು. ಕಾರಿನ ಬ್ಯಾಟರಿಯಲ್ಲಿ ಇದ್ದುದು ಆರೋ ಹನ್ನೆರಡೋ ವೋಲ್ಟು. ಬ್ಯಾಟರಿಯ ಪ್ರವಾಹ ಒಂದೇ ದಿಕ್ಕಿನಲ್ಲಿ ಹರಿಯುವುದರಿಂದ ಅದನ್ನು ನೇರವಾಗಿ ಪರಿವರ್ತಕಕ್ಕೆ ಕೊಟ್ಟು ಒತ್ತಡವನ್ನು ಏರಿಸಲಾಗದು. ಈ ತೊಡಕನ್ನು ಬಿಡಿಸಲು ಒಂದು ಉಕ್ಕಿನ ನಾಲಗೆಯನ್ನು ಸೆಕೆಂಡಿಗೆ ನೂರಕ್ಕೂ ಹೆಚ್ಚು ಬಾರಿ ಅದುರಿಸಿ, ಪ್ರವಾಹವನ್ನು ಕಡಿಕಡಿದು ಪರಿವರ್ತಕಕ್ಕೆ ಉಣಿಸುವ ‘ವೈಬ್ರೇಟರ್’ ಎಂಬ ಸಾಧನವನ್ನು ಬಳಸುತ್ತಿದ್ದರು. ರೇಡಿಯೋ ಹಾಡುವಾಗ ಅದರ ಝೇಂಕಾರವೂ ಹಿನ್ನೆಲೆಯಲ್ಲಿ ಕೇಳುತ್ತಿತ್ತು. ಇಷ್ಟೆಲ್ಲ ಸಾಹಸಕ್ಕೆ ಬ್ಯಾಟರಿಯಿಂದ ಹಲವು ಆಂಪೇರ್ ಪ್ರವಾಹ ವ್ಯಯವಾಗುತ್ತಿತ್ತು. ಎಂಜಿನ್ ನಿಲ್ಲಿಸಿ ಬಹಳ ಹೊತ್ತು ರೇಡಿಯೋ ಕೇಳಿದವರು ಆಮೇಲೆ ಕಾರನ್ನು ತಳ್ಳಬೇಕಾಗುತ್ತಿದ್ದುದು ಆಶ್ಚರ್ಯವೇನಲ್ಲ.

1947ರ ಡಿಸೆಂಬರಿನಲ್ಲಿ ಅಮೆರಿಕದ ಬೆಲ್ ಪ್ರಯೋಗಶಾಲೆಯಲ್ಲಿ ಟ್ರಾನ್ಸಿಸ್ಟರ್ ಹುಟ್ಟಿತು. ಅದು ಹನ್ನೆರಡು ವೋಲ್ಟಿನಲ್ಲಿಯೇ ಸಮರ್ಥವಾಗಿ ಕೆಲಸ ಮಾಡಬಲ್ಲುದಾದ್ದರಿಂದ ಕಾರಿನ ರೇಡಿಯೋಗೆ ಹೇಳಿ ಮಾಡಿಸಿದಂತಿತ್ತು. ಸಂಪೂರ್ಣವಾಗಿ ಟ್ರಾನ್ಸಿಸ್ಟರುಗಳಿಂದಲೇ ರಚಿತವಾದ ಕಾರಿನ ರೇಡಿಯೋವನ್ನು ಕ್ರೈಸ್ಲರ್ ಮತ್ತು ಫಿಲ್ಕೋ ಸಂಸ್ಥೆಗಳು 1955ರಲ್ಲಿ ಪ್ರಕಟಿಸಿದವು. ಮೂರು ವರ್ಷಗಳ ತರುವಾಯ, 1958ರ ಓಲ್ಡ್ಸ್‌ಮೊಬೈಲ್ ಕಾರುಗಳಲ್ಲಿ ಇನ್ನೂ ಒಂದು ವಿಶೇಷ ಕಾಣಿಸಿಕೊಂಡಿತು. ಅದರ ರೇಡಿಯೋ ಕಾರಿನಲ್ಲಿದ್ದಾಗ ಕಾರಿನ ಬ್ಯಾಟರಿಯನ್ನೂ ಏರಿಯಲನ್ನೂ ಬಳಸಿಕೊಳ್ಳುತ್ತಿತ್ತು. ಹೊರಗೆಳೆದು ಕೈಯಲ್ಲಿ ಹಿಡಿದರೆ ತನ್ನದೇ ಸಣ್ಣ ಬ್ಯಾಟರಿಯಿಂದ ಹಾಡುತ್ತಿತ್ತು. ಕಾರಿನ ರೇಡಿಯೋವನ್ನು ಕೆಳಗಿಳಿಸುವ ಆಲೋಚನೆ ಕೇವಲ ಗುಜರಿ ಆಯುವವರದಲ್ಲ, ತಯಾರಕರಿಗೇ ಹೊಳೆದದ್ದು ಎಂಬುದು ಇದರಿಂದ ತಿಳಿಯುತ್ತದೆ.

ಮಾರ್ಪಾಟಿಗೆ ಎಲ್ಲ ರೇಡಿಯೋಗಳೂ ತಕ್ಕವಲ್ಲ. ವಾಲ್ವು ಇರುವುದನ್ನು ವಿದ್ಯಾರ್ಥಿಗಳು ಮುಟ್ಟದಿರುವುದೇ ಲೇಸು. ಅದರ ಒಳಗಿನ ಇನ್ನೂರು ವೋಲ್ಟಿನ ಆಸುಪಾಸಿನ ಒತ್ತಡ ಪ್ರಾಣಾಪಾಯಕರವಾದುದು. ಧಾರಕಗಳಲ್ಲಿ ಶೇಖರವಾದ ವಿದ್ಯುತ್ತು ಬ್ಯಾಟರಿಯನ್ನು ಕಳಚಿದ ಮೇಲೂ ಸ್ವಲ್ಪ ಕಾಲ ಅಲ್ಲಿಯೇ ಉಳಿದಿರುತ್ತದೆ. ತೀರ ಈಚಿನ ಸೆಟ್ಟುಗಳಲ್ಲಿ ಬೇರೆ ಬಗೆಯ ತೊಡಕುಗಳುಂಟು. ಕಳ್ಳರ ಭಯದಿಂದ ಕೆಲವಕ್ಕೆ ಗುಪ್ತ ಸಂಖ್ಯೆಯ ಬೀಗವಿರುತ್ತದೆ; ಬ್ಯಾಟರಿಯಿಂದ ಒಮ್ಮೆ ಬೇರ್ಪಡಿಸಿದರೆ ಆ ಸಂಖ್ಯೆಯನ್ನು ಕೊಡುವವರೆಗೂ ಅವು ಬಾಯಿ ಬಿಡವು. ಜಪಾನಿನಿಂದ ಬಂದ ಹಳೆಯ ಸೆಟ್ಟುಗಳಲ್ಲಿ ಎಫ್. ಎಂ. ಪಟ್ಟಿ 76ರಿಂದ 90 ಮೆಗಾಹರ್ಟ್ಸ್‌ವರೆಗೆ ಮಾತ್ರ ಇರುವುದರಿಂದ, ನೂರರ ಮೇಲಿರುವ ಭಾರತದ ಎಫ್. ಎಂ. ಕೇಂದ್ರಗಳು ಅವುಗಳಲ್ಲಿ ಕೇಳಿಸುವುದೇ ಇಲ್ಲ. ಅಮೆರಿಕದ ಸಂಖ್ಯಾಸೂಚಕ ಸೆಟ್ಟುಗಳು ಮಧ್ಯಮ ತರಂಗದಲ್ಲಿ ಹತ್ತು ಕಿಲೋಹರ್ಟ್ಸ್‌ಗೊಂದು ಹೆಜ್ಜೆಯಿಡುತ್ತವೆ. ಭಾರತದಲ್ಲಿ ಕೇಂದ್ರಗಳ ನಡುವಿನ ಅಂತರ ಒಂಬತ್ತು. ಹೆಜ್ಜೆ ಬದಲಿಸುವ ಸ್ವಿಚ್ಚು ಇಲ್ಲದಿದ್ದರೆ ಅವು ಕೇಂದ್ರದ ಪಕ್ಕದಲ್ಲಿಯೇ ಹಾದುಹೋಗಿಬಿಡುತ್ತವೆ. ಆದುದರಿಂದ ಸುಮಾರು 1965ರಿಂದ 1985ರವರೆಗಿನ ಅವಧಿಯ, ಮುಳ್ಳು ಚಲಿಸುವ, ಒತ್ತುಗುಂಡಿಗಳುಳ್ಳ ಟ್ರಾನ್ಸಿಸ್ಟರ್ ರೇಡಿಯೋವೇ ಕಲಿಯುವವರಿಗೆ ಎಲ್ಲಕ್ಕಿಂತ ಮೇಲು.

ಅಂತಹ ಒಂದು ಪೆಟ್ಟಿಗೆಯ ಮುಚ್ಚಳ ತೆಗೆದು ನೋಡಿದರೆ ಮನೆಯ ರೇಡಿಯೋಗೂ ಅದಕ್ಕೂ ಇರುವ ಭೇದ ಕಾಣುತ್ತದೆ. ಮನೆಯ ರೇಡಿಯೋದಲ್ಲಿ ಕೇಂದ್ರವನ್ನು ಆರಿಸಲು ಒಂದರೊಳಗೊಂದು ಸರಿಯುವ ಲೋಹದ ತಗಡುಗಳ ಧಾರಕವಿರುತ್ತದೆ. ಕುಲುಕಾಟಕ್ಕೆ ಆ ತಗಡುಗಳು ಅದುರಿದರೆ ಧ್ವನಿಯೂ ಅದುರುತ್ತದೆ. ಆದಕಾರಣ ಕಾರಿನ ರೇಡಿಯೋದಲ್ಲಿ ತಂತಿಯ ಸುರುಳಿಗಳೊಳಗೆ ಫೆರೈಟಿನ ಸಣ್ಣ ಕಡ್ಡಿಗಳನ್ನು ಹಿಂದೆ ಮುಂದೆ ಸರಿಸಿ ಕೇಂದ್ರವನ್ನು ಹಿಡಿಯುತ್ತಾರೆ. ಒತ್ತುಗುಂಡಿಯ ಚಮತ್ಕಾರವೂ ಇದೇ. ಗುಂಡಿಯನ್ನು ಒತ್ತಿದಾಗ ಅದರ ಹಿಂದಿನ ಸನ್ನೆಯು ಆ ಕಡ್ಡಿಗಳನ್ನು ಮೊದಲೇ ಗೊತ್ತುಮಾಡಿದ ಸ್ಥಾನಕ್ಕೆ ತಂದು ನಿಲ್ಲಿಸುತ್ತದೆ. ಚಾಲಕನು ರಸ್ತೆಯಿಂದ ಕಣ್ಣು ತೆಗೆಯದೆ ಕೇಂದ್ರವನ್ನು ಬದಲಿಸಬಹುದು. ವಿದ್ಯುತ್ತಿನ ಸ್ಮರಣೆಯೇನೂ ಅಲ್ಲಿಲ್ಲ. ಬರಿಯ ಉಕ್ಕಿನ ತುಂಡುಗಳ ಸ್ಮರಣೆ. ಐವತ್ತು ವರ್ಷ ಗುಜರಿಯಲ್ಲಿ ಬಿದ್ದಿದ್ದರೂ ಅದು ತನ್ನ ಒಡೆಯನ ಮೆಚ್ಚಿನ ಕೇಂದ್ರಗಳನ್ನು ಮರೆತಿರುವುದಿಲ್ಲ.

ಕಾರಿನಿಂದ ಇಳಿಯುವಾಗ ಈ ರೇಡಿಯೋ ತನ್ನ ಬಾಳಿಗೆ ಬೇಕಾದ ಕೆಲವು ಅಂಗಗಳನ್ನು ಅಲ್ಲಿಯೇ ಬಿಟ್ಟು ಬರುತ್ತದೆ. ಬ್ಯಾಟರಿ ಕಾರಿನದು, ಏರಿಯಲ್ ಕಾರಿನದು, ಸ್ಪೀಕರೂ ಕಾರಿನ ಬಾಗಿಲಲ್ಲೋ ಮುಂಭಾಗದ ಹಲಗೆಯಲ್ಲೋ ಬೇರೆಯಾಗಿ ಕುಳಿತಿದ್ದುದು. ಸುಲಭವಾಗಿ ಮರೆತುಹೋಗುವ ಮತ್ತೊಂದು ಅಂಗವೂ ಉಂಟು: ಕಾರಿನ ಒಡಲೇ ಆ ರೇಡಿಯೋದ ನೆಲವಾಗಿತ್ತು. ಇವುಗಳನ್ನೆಲ್ಲ ಒಂದು ಮರದ ಪೆಟ್ಟಿಗೆಯೊಳಗೆ ಮರಳಿ ಒದಗಿಸಿಕೊಡುವುದೇ ಈ ಮಾರ್ಪಾಟಿನ ಸಾರ.

ಮೊದಲಿಗೆ ವಿದ್ಯುತ್ ಪೂರೈಕೆ. ರೇಡಿಯೋದ ಲೋಹದ ಕವಚವೇ ಬ್ಯಾಟರಿಯ ಒಂದು ಧ್ರುವಕ್ಕೆ ಸೇರತಕ್ಕದ್ದು. ಇನ್ನೊಂದು ಧ್ರುವಕ್ಕೆ ಫ್ಯೂಸ್ ಸಹಿತವಾದ ಒಂದು ತಂತಿ ಹೊರಬಂದಿರುತ್ತದೆ. ಯಾವ ಧ್ರುವ ಕವಚಕ್ಕೆ ಎಂಬುದೇ ಇಲ್ಲಿಯ ಪ್ರಶ್ನೆ. ಹಳೆಯ ಬ್ರಿಟಿಷ್ ಮಾದರಿಯ ಕಾರುಗಳಲ್ಲಿ ಧನ ಧ್ರುವವನ್ನು ಕಾರಿನ ಒಡಲಿಗೆ ಜೋಡಿಸುವ ರೂಢಿಯಿತ್ತು. ನಂತರದ ಕಾರುಗಳಲ್ಲಿ ಋಣ ಧ್ರುವವನ್ನು ಜೋಡಿಸುವುದು ಎಲ್ಲೆಡೆ ಬಳಕೆಗೆ ಬಂದಿತು. ತಪ್ಪಾಗಿ ಜೋಡಿಸಿದರೆ ಟ್ರಾನ್ಸಿಸ್ಟರುಗಳು ಕ್ಷಣಮಾತ್ರದಲ್ಲಿ ಸುಟ್ಟುಹೋಗುತ್ತವೆ. ಅವಕ್ಕೆ ಎರಡನೆಯ ಅವಕಾಶವೆಂಬುದಿಲ್ಲ. ಕವಚದ ಮೇಲಿನ ಚೀಟಿಯಲ್ಲಿ ಇದನ್ನು ಸಾಮಾನ್ಯವಾಗಿ ಬರೆದಿರುತ್ತಾರೆ. ಎರಡು ರೀತಿಗೂ ಹೊಂದುವಂತೆ ಕೆಲವು ಸೆಟ್ಟುಗಳಲ್ಲಿ ತಿರುಗಿಸಿ ಸಿಕ್ಕಿಸುವ ಒಂದು ಬಿರಡೆಯೂ ಇರುತ್ತದೆ. ಚೀಟಿ ಅಳಿಸಿಹೋಗಿದ್ದರೆ ಒಳಗಿನ ದೊಡ್ಡ ಧಾರಕವನ್ನು ನೋಡಬೇಕು. ಅದರ ಮೇಲೆ ಧನ, ಋಣ ಗುರುತುಗಳಿರುತ್ತವೆ; ಯಾವ ಗುರುತಿನ ತುದಿ ಕವಚವನ್ನು ಸೇರಿದೆಯೋ ಬ್ಯಾಟರಿಯ ಆ ಧ್ರುವವೇ ಕವಚಕ್ಕೆ. ಹೊಸ ಕಾರಿನಲ್ಲಿ ಎಂದೂ ಕೂರಿಸಲಾಗದ ಧನಕವಚದ ರೇಡಿಯೋ ಮರದ ಪೆಟ್ಟಿಗೆಯಲ್ಲಿ ನಿಶ್ಚಿಂತೆಯಾಗಿ ಹಾಡುತ್ತದೆ. ಅಲ್ಲಿ ಅದಕ್ಕೆ ಎದುರಾಡುವ ಬೇರೆ ಲೋಹದ ಒಡಲಿಲ್ಲ.

ಬ್ಯಾಟರಿಯನ್ನು ಆರಿಸುವ ಮುನ್ನ ರೇಡಿಯೋ ಎಷ್ಟು ಪ್ರವಾಹವನ್ನು ಸೆಳೆಯುತ್ತದೆ ಎಂಬುದನ್ನು ಮಲ್ಟಿಮೀಟರಿನಿಂದ ಅಳೆಯಬೇಕು. ಇದು ಬಹಳ ಮಂದಿ ಬಿಟ್ಟುಬಿಡುವ ಹೆಜ್ಜೆ. ಆಮೇಲೆ ಬ್ಯಾಟರಿಯನ್ನು ದೂರುತ್ತಾರೆ. ಕೆಲವು ಹಳೆಯ ಸೆಟ್ಟುಗಳ ಕೊನೆಯ ಹಂತದಲ್ಲಿ ಒಂದೇ ಒಂದು ದೊಡ್ಡ ಟ್ರಾನ್ಸಿಸ್ಟರ್ ಇರುತ್ತದೆ. ಹಾಡು ಜೋರಾಗಿರಲಿ, ಮೆಲ್ಲಗಿರಲಿ, ಅಥವಾ ಇಲ್ಲದೆಯೇ ಇರಲಿ, ಅದು ಸುಮಾರು ಒಂದು ಆಂಪೇರಿನಷ್ಟು ಪ್ರವಾಹವನ್ನು ಎಡೆಬಿಡದೆ ನುಂಗುತ್ತಿರುತ್ತದೆ. ಕಾರಿನ ದೊಡ್ಡ ಬ್ಯಾಟರಿಗೆ ಅದು ಲೆಕ್ಕವಲ್ಲದ್ದರಿಂದ ತಯಾರಕರು ಚಿಂತಿಸಲಿಲ್ಲ. ಎರಡು ಟ್ರಾನ್ಸಿಸ್ಟರುಗಳು ಸರದಿಯಂತೆ ದುಡಿಯುವ ಸೆಟ್ಟುಗಳು ಮಿತವ್ಯಯಿಗಳು. ಮೆಲುದನಿಯಲ್ಲಿ ಅವಕ್ಕೆ ಒಂದು ಆಂಪೇರಿನ ಐದನೆಯ ಒಂದು ಪಾಲು ಸಾಕಾಗಬಹುದು. ಗುಜರಿಯಲ್ಲಿ ಎರಡೂ ಸಿಕ್ಕಿದರೆ ಎರಡನೆಯದನ್ನೇ ಆರಿಸಿಕೊಳ್ಳಬೇಕು.

ತುರ್ತು ದೀಪಗಳಲ್ಲಿಯೂ ಗಣಕಯಂತ್ರದ ಯು. ಪಿ. ಎಸ್. ಪೆಟ್ಟಿಗೆಯಲ್ಲಿಯೂ ಬಳಸುವ, ಆಮ್ಲ ಚೆಲ್ಲದಂತೆ ಮುಚ್ಚಿದ 12 ವೋಲ್ಟಿನ, 7 ಆಂಪೇರ್-ಗಂಟೆಯ ಸೀಸದ ಬ್ಯಾಟರಿ ಈ ಕೆಲಸಕ್ಕೆ ಒಪ್ಪುತ್ತದೆ. ತೂಕ ಎರಡು ಕಿಲೋಗ್ರಾಮಿಗಿಂತ ತುಸು ಹೆಚ್ಚು. ಏಳು ಆಂಪೇರ್-ಗಂಟೆ ಎಂದರೆ ಒಂದು ಆಂಪೇರಿನಂತೆ ಏಳು ಗಂಟೆ ಎಂದು ಗಣಿತ ಹೇಳಿದರೂ ಬ್ಯಾಟರಿ ಹಾಗೆ ನಡೆದುಕೊಳ್ಳುವುದಿಲ್ಲ. ಆ ಅಂಕಿ ಇಪ್ಪತ್ತು ಗಂಟೆಗಳ ಕಾಲ ನಿಧಾನವಾಗಿ, ಎಂದರೆ 0.35 ಆಂಪೇರಿನಂತೆ ಬಳಸಿದಾಗ ಸಲ್ಲುವುದು. ಬೇಗಬೇಗ ಸೆಳೆದಷ್ಟೂ ಅದು ಕೊಡುವ ಒಟ್ಟು ಮೊತ್ತ ಕಡಿಮೆಯಾಗುತ್ತದೆ. ಮೇಲಾಗಿ ಒತ್ತಡವು 10.5 ವೋಲ್ಟಿಗಿಂತ ಕೆಳಗಿಳಿಯುವವರೆಗೆ ಬಳಸಿದರೆ ಬ್ಯಾಟರಿಯ ಆಯುಷ್ಯವೇ ಕುಗ್ಗುತ್ತದೆ. ಹೀಗಾಗಿ ಒಂದು ಆಂಪೇರಿನ ಸೆಟ್ಟಿಗೆ ದಿನಕ್ಕೆ ನಾಲ್ಕೈದು ಗಂಟೆ, ಮಿತವ್ಯಯದ ಸೆಟ್ಟಿಗೆ ಒಂದು ಇಡೀ ಹಗಲು ಮತ್ತು ರಾತ್ರಿ ಎಂದು ಎಣಿಸುವುದು ಜಾಣತನ. ಮುಳ್ಳಿನ ಹಿಂದಿನ ದೀಪದ ತಂತಿಯನ್ನು ಕಳಚಿದರೆ ಇನ್ನಷ್ಟು ಉಳಿತಾಯ. ಎಂಟು ದೊಡ್ಡ ಟಾರ್ಚ್ ಸೆಲ್ಲುಗಳನ್ನು ಸಾಲಾಗಿ ಜೋಡಿಸಿದರೂ ಹನ್ನೆರಡು ವೋಲ್ಟಾಗುತ್ತದೆ, ನಿಜ. ಆದರೆ ಒಂದು ಆಂಪೇರಿನ ಹಸಿವಿಗೆ ಅವು ಬೇಗನೆ ಬಸವಳಿಯುತ್ತವೆ. ಸ್ಕೂಟರಿನ ಹಳೆಯ ಬ್ಯಾಟರಿ ಓರೆಯಾದರೆ ಆಮ್ಲ ಚೆಲ್ಲುವುದರಿಂದ ಹೊತ್ತು ತಿರುಗುವ ಪೆಟ್ಟಿಗೆಗೆ ಸಲ್ಲದು.

ಹನ್ನೆರಡು ವೋಲ್ಟು ಮೈಗೆ ತಾಗಿದರೆ ಆಘಾತವಾಗದು ಎಂಬ ಧೈರ್ಯದಿಂದ ಅನೇಕರು ಈ ಬ್ಯಾಟರಿಯನ್ನು ಹಗುರವಾಗಿ ಕಾಣುತ್ತಾರೆ. ಅಪಾಯವಿರುವುದು ಬೇರೆ ಕಡೆ. ಎರಡು ಧ್ರುವಗಳ ನಡುವೆ ಒಂದು ತಿರುಪುಳಿ ಅಡ್ಡ ಬಿದ್ದರೂ ಸಾಕು, ಹತ್ತಾರು ಆಂಪೇರ್ ಪ್ರವಾಹ ಒಮ್ಮೆಲೇ ಹರಿದು ತಂತಿ ಕೆಂಪಗೆ ಕಾಯುತ್ತದೆ, ಹೊದಿಕೆ ಉರಿಯುತ್ತದೆ, ಮರದ ಪೆಟ್ಟಿಗೆ ಹೊತ್ತಿಕೊಳ್ಳುತ್ತದೆ. ಇದಕ್ಕೆ ಪರಿಹಾರ ಎರಡು ಆಂಪೇರಿನ ಒಂದು ಫ್ಯೂಸು. ಅದನ್ನು ರೇಡಿಯೋದ ಬಳಿಯಲ್ಲಲ್ಲ, ಬ್ಯಾಟರಿಯ ಧ್ರುವಕ್ಕೆ ಅಂಟಿದಂತೆಯೇ ಇಡಬೇಕು. ಫ್ಯೂಸಿಗೆ ಮುಂಚಿನ ತಂತಿಗೆ ಯಾವ ಕಾವಲೂ ಇರುವುದಿಲ್ಲ. ಅದೇ ದಾರಿಯಲ್ಲಿ ಮೂರು ಆಂಪೇರ್ ತಾಳುವ ಒಂದು ಡಯೋಡನ್ನು ಕೂರಿಸಿದರೆ ಬ್ಯಾಟರಿಯನ್ನು ಯಾರಾದರೂ ತಿರುವುಮುರುವಾಗಿ ಜೋಡಿಸಿದಾಗ ಪ್ರವಾಹ ಹರಿಯುವುದೇ ಇಲ್ಲ. ಅದಕ್ಕಾಗಿ ಸುಮಾರು 0.7 ವೋಲ್ಟು ನಷ್ಟವಾದರೂ ಅದು ತೆರಲೇಬೇಕಾದ ಸುಂಕ.

ಬ್ಯಾಟರಿಯನ್ನು ಮತ್ತೆ ತುಂಬಲು ಸೀಸದ ಬ್ಯಾಟರಿಗೆಂದೇ ಮಾಡಿದ ಚಾರ್ಜರ್ ಬೇಕು. ತುಂಬುವಾಗ ಒತ್ತಡ 14.4 ವೋಲ್ಟನ್ನು ಮೀರಬಾರದು. ಪೆಟ್ಟಿಗೆಯ ಮುಚ್ಚಳವನ್ನು ತೆರೆದಿಟ್ಟಿರಬೇಕು. ಹತ್ತು ವಾಟಿನ ಸೌರಫಲಕವೊಂದು ಒಳ್ಳೆಯ ಬಿಸಿಲಿನಲ್ಲಿ ಸುಮಾರು ಅರ್ಧ ಆಂಪೇರ್ ಕೊಡಬಲ್ಲುದು. ನಡುವೆ ನಿಯಂತ್ರಕವನ್ನು ಇಟ್ಟು ಅದನ್ನು ಬಳಸಬಹುದು. ಆದರೆ ಈ ರೇಡಿಯೋ ಹೆಚ್ಚು ಬೇಕಾಗುವುದು ವಾರಗಟ್ಟಲೆ ಸೂರ್ಯನೇ ಕಾಣದ ಮಳೆಯಲ್ಲಿ. ಬ್ಯಾಟರಿಯಾದರೋ ಸುಮ್ಮನೆ ಇಟ್ಟಿದ್ದರೂ ತಿಂಗಳು ತಿಂಗಳಿಗೆ ಸ್ವಲ್ಪ ಸ್ವಲ್ಪವಾಗಿ ಖಾಲಿಯಾಗುತ್ತಿರುತ್ತದೆ. ಮುಂಗಾರಿಗೆ ಮುಂಚೆ ಒಮ್ಮೆ, ಅನಂತರ ಎರಡು ತಿಂಗಳಿಗೊಮ್ಮೆ ತುಂಬಿಸಿಡದಿದ್ದರೆ ಬೇಕಾದ ದಿನ ಅದು ಕೈಕೊಡುವುದು ಖಂಡಿತ.

ಏರಿಯಲಿನ ವಿಷಯ ಇನ್ನೂ ಸೂಕ್ಷ್ಮವಾದುದು. ಮನೆಯ ಟ್ರಾನ್ಸಿಸ್ಟರ್ ರೇಡಿಯೋದೊಳಗೆ ಫೆರೈಟಿನ ಒಂದು ದಂಡವಿರುತ್ತದೆ. ಮಧ್ಯಮ ತರಂಗಕ್ಕೆ ಅದೇ ಏರಿಯಲ್. ಕಾರಿನ ರೇಡಿಯೋದಲ್ಲಿ ಅದಿಲ್ಲ. ಉಕ್ಕಿನ ಒಡಲು ಅಲೆಗಳನ್ನು ತಡೆಯುವುದರಿಂದ ಅಂತಹ ದಂಡವನ್ನು ಕಾರಿನೊಳಗೆ ಇಟ್ಟು ಪ್ರಯೋಜನವಿಲ್ಲ. ಅದರ ಬದಲು ಹೊರಗೆ ಸುಮಾರು ಒಂದು ಮೀಟರ್ ಉದ್ದದ ಸಲಾಕೆಯನ್ನು ನಿಲ್ಲಿಸಿ, ಕವಚವುಳ್ಳ ಕೇಬಲಿನ ಮೂಲಕ ರೇಡಿಯೋಗೆ ತರುತ್ತಾರೆ. ಈ ಸಲಾಕೆಯೂ ಕೇಬಲೂ ಸೇರಿ ಒಂದು ಸಣ್ಣ ಧಾರಕದಂತೆ ವರ್ತಿಸುತ್ತವೆ. ರೇಡಿಯೋದ ಮೊದಲ ಶ್ರುತಿಮಂಡಲ ಆ ಧಾರಕವನ್ನೂ ತನ್ನ ಲೆಕ್ಕಕ್ಕೆ ಸೇರಿಸಿಕೊಂಡೇ ರಚಿತವಾಗಿರುತ್ತದೆ. ಆದುದರಿಂದ ಕೇಬಲ್ ಉದ್ದವಾಯಿತೆಂದು ಕತ್ತರಿಸಿ ಮೋಟುಮಾಡಿದರೆ ಶ್ರುತಿ ತಪ್ಪಿ ಧ್ವನಿ ಕುಗ್ಗುತ್ತದೆ. ಅಂದವಾಗಿ ಕಾಣಲೆಂದು ಮಾಡಿದ ಈ ಒಂದು ಕತ್ತರಿ ಪ್ರಯೋಗದಿಂದಲೇ ಎಷ್ಟೋ ರೇಡಿಯೋಗಳು ಮಂಕಾಗಿವೆ. ಕೇಬಲನ್ನು ಹಾಗೆಯೇ ಸುರುಳಿ ಸುತ್ತಿ ಪೆಟ್ಟಿಗೆಯೊಳಗೆ ಇರಿಸಿ, ಮಡಚುವ ಸಲಾಕೆಯನ್ನು ಪೆಟ್ಟಿಗೆಯ ಮೂಲೆಯಲ್ಲಿ ನಿಲ್ಲಿಸುವುದು ಸರಿಯಾದ ಕ್ರಮ.

ಏರಿಯಲ್ ಸಿಕ್ಕಿಸುವ ರಂಧ್ರದ ಹತ್ತಿರ ಒಂದು ಪುಟ್ಟ ತಿರುಪು ಇರುತ್ತದೆ. ಕಾರಿಗೆ ರೇಡಿಯೋ ಕೂರಿಸುವಾಗ ಕುಶಲಕರ್ಮಿಯು ತಿರುಗಿಸುತ್ತಿದ್ದುದು ಅದನ್ನೇ. ಮುಳ್ಳನ್ನು 1400 ಕಿಲೋಹರ್ಟ್ಸ್‌ನ ಆಸುಪಾಸಿಗೆ ತಂದು, ಯಾವುದಾದರೊಂದು ಕ್ಷೀಣ ಕೇಂದ್ರವನ್ನು ಹಿಡಿದು, ಕೇಂದ್ರ ಸಿಗದಿದ್ದರೆ ಬರಿಯ ಮೊರೆತವನ್ನೇ ಆಲಿಸುತ್ತ, ಧ್ವನಿ ಅತ್ಯಂತ ಗಟ್ಟಿಯಾಗುವವರೆಗೆ ಆ ತಿರುಪನ್ನು ಮೆಲ್ಲಗೆ ತಿರುಗಿಸಬೇಕು. ಒಂದು ನಿಮಿಷದ ಕೆಲಸ; ಅದರ ಫಲ ಬೆರಗು ಹುಟ್ಟಿಸುವಂಥದು. ಕಾರಿನ ಒಡಲು ನೆಲವಾಗಿ ನಿಂತ ಸ್ಥಾನವನ್ನು ತುಂಬಲು ಪೆಟ್ಟಿಗೆಯ ತಳಕ್ಕೆ ಒಂದು ಅಲ್ಯೂಮಿನಿಯಂ ತಗಡನ್ನು ಹಾಸಿ ರೇಡಿಯೋದ ಕವಚಕ್ಕೆ ಸೇರಿಸಬೇಕು. ಒಂದೆಡೆ ಇಟ್ಟು ಕೇಳುವಾಗ ಹಸಿ ಮಣ್ಣಿನಲ್ಲಿ ನೆಟ್ಟ ಕಬ್ಬಿಣದ ಗೂಟಕ್ಕೆ ಕವಚದಿಂದ ಒಂದು ತಂತಿಯನ್ನು ಎಳೆದರೆ ಇನ್ನೂ ಉತ್ತಮ. ಮರದಿಂದ ಮರಕ್ಕೆ ಉದ್ದನೆಯ ತಂತಿ ಕಟ್ಟಿ ಏರಿಯಲ್ ಮಾಡುವ ಆಸೆ ಹುಟ್ಟುವುದು ಸಹಜ. ಗುಡುಗು ಮಿಂಚಿನ ಕಾಲದಲ್ಲಿ ಮಾತ್ರ ಅದನ್ನು ಮೋಡ ಕಟ್ಟುವ ಮೊದಲೇ ಕಳಚಿ ಹೊರಗೆ ಎಸೆಯಬೇಕು.

ಪೆಟ್ಟಿಗೆಗೆ ಹನ್ನೆರಡು ಮಿಲಿಮೀಟರಿನ ಪ್ಲೈವುಡ್ ಆಗಬಹುದು, ಹಳೆಯ ಮೇಜಿನ ಹಲಗೆಯೂ ಆಗಬಹುದು. ಬರಿಯ ಸ್ಪೀಕರನ್ನು ಮೇಜಿನ ಮೇಲಿಟ್ಟು ಕೇಳಿದರೆ ಧ್ವನಿ ಬಡಕಲಾಗಿರುತ್ತದೆ. ಅದನ್ನೇ ಹಲಗೆಯ ರಂಧ್ರಕ್ಕೆ ಒತ್ತಿಹಿಡಿದರೆ ಗಂಭೀರವಾಗುತ್ತದೆ. ಸ್ಪೀಕರಿನ ಕಾಗದದ ಶಂಕು ಮುಂದಕ್ಕೆ ಗಾಳಿಯನ್ನು ಒತ್ತಿದಾಗ ಹಿಂದೆ ಸೆಳೆಯುತ್ತದೆ. ತಡೆಯಿಲ್ಲದಿದ್ದರೆ ಎರಡು ಅಲೆಗಳೂ ಅಂಚಿನಲ್ಲಿ ಕೂಡಿ ಒಂದನ್ನೊಂದು ಅಳಿಸಿಹಾಕುತ್ತವೆ. ಹಲಗೆ ಅವುಗಳನ್ನು ದೂರವಿರಿಸುತ್ತದೆ. ಸ್ಪೀಕರಿನ ರೋಧ ರೇಡಿಯೋದ ಚೀಟಿಯಲ್ಲಿ ಬರೆದಷ್ಟೇ ಇರಬೇಕು, ಸಾಮಾನ್ಯವಾಗಿ ನಾಲ್ಕು ಓಮ್. ಸ್ಪೀಕರನ್ನು ಜೋಡಿಸದೆ ರೇಡಿಯೋವನ್ನು ಎಂದೂ ಚಾಲನೆಗೊಳಿಸಬಾರದು. ಕೊನೆಯ ಟ್ರಾನ್ಸಿಸ್ಟರಿಗೆ ಅದರಿಂದ ಹಾನಿ ತಟ್ಟಬಹುದು. ಆ ಟ್ರಾನ್ಸಿಸ್ಟರು ಕೆಲಸ ಮಾಡುವಾಗ ಬಿಸಿಯಾಗುವುದರಿಂದ ಹಿಂಬದಿಯಲ್ಲಿ ಗಾಳಿಯಾಡಲು ತೂತುಗಳಿರಬೇಕು. ಬ್ಯಾಟರಿಯನ್ನು ತಳದಲ್ಲಿ, ಹಿಡಿಕೆಯ ನೇರಕ್ಕೆ ಇಟ್ಟು ಪಟ್ಟಿಯಿಂದ ಬಿಗಿದರೆ ಹೊತ್ತೊಯ್ಯುವಾಗ ಪೆಟ್ಟಿಗೆ ವಾಲುವುದಿಲ್ಲ.

ಮೊದಲ ಬಾರಿಗೆ ವಿದ್ಯುತ್ ಕೊಡುವಾಗ ಕೈ ಸ್ವಿಚ್ಚಿನ ಮೇಲೆಯೇ ಇರಲಿ. ಸುಟ್ಟ ವಾಸನೆಯೋ ಹೊಗೆಯೋ ಕಂಡೊಡನೆ ಆರಿಸಬೇಕು. ಧ್ವನಿಯನ್ನು ಏರಿಸುವಾಗ ಕರಕರ ಎಂದರೆ ಗಾಬರಿ ಬೇಡ. ತಿರುಗುಗುಂಡಿಯ ಹಿಂದಿನ ರೋಧಕದಲ್ಲಿ ಧೂಳು ಕುಳಿತಿದೆ, ಶುದ್ಧಿದ್ರವದ ಒಂದೆರಡು ತೊಟ್ಟು ಹಾಕಿ ಹತ್ತಾರು ಸಲ ತಿರುಗಿಸಿದರೆ ಹೋಗುತ್ತದೆ. ಧ್ವನಿ ಕ್ಷೀಣವಾಗಿ, ಒಡಕಾಗಿ ಬರುತ್ತಿದ್ದರೆ ಮಾತ್ರ ಒಳಗಿನ ಧಾರಕಗಳು ಒಣಗಿವೆ ಎಂದು ತಿಳಿಯಬೇಕು. ಅವುಗಳ ದ್ರವ ದಶಕಗಳಲ್ಲಿ ಆರಿಹೋಗುತ್ತದೆ. ಅಷ್ಟೇ ಬೆಲೆಯ ಹೊಸ ಧಾರಕಗಳನ್ನು ಧ್ರುವ ನೋಡಿ ಬೆಸೆದರೆ ರೇಡಿಯೋ ಮತ್ತೆ ಬಾಯಿ ತೆರೆಯುತ್ತದೆ. ಈ ಬೆಸುಗೆಯ ಕೆಲಸವನ್ನು ಬಲ್ಲವರೊಬ್ಬರ ಎದುರಿನಲ್ಲಿ ಕಲಿಯುವುದು ಒಳ್ಳೆಯದು.

ಸಿದ್ಧವಾದ ರೇಡಿಯೋವನ್ನು ಸೂರ್ಯಾಸ್ತದ ನಂತರ ಹೊರಗೊಯ್ದು ಪರೀಕ್ಷಿಸಬೇಕು. ಹಗಲಿನಲ್ಲಿ ವಾಯುಮಂಡಲದ ಮೇಲಿನ ಒಂದು ಪದರ ಮಧ್ಯಮ ತರಂಗಗಳನ್ನು ಹೀರಿಕೊಳ್ಳುತ್ತದೆ. ರಾತ್ರಿ ಆ ಪದರ ಇಲ್ಲವಾಗಿ, ಅದಕ್ಕೂ ಮೇಲಿನ ಪದರಕ್ಕೆ ತಾಗಿದ ಅಲೆಗಳು ನೂರಾರು ಕಿಲೋಮೀಟರ್ ದೂರಕ್ಕೆ ಮರಳಿ ಇಳಿಯುತ್ತವೆ. ಹಗಲೆಲ್ಲ ಮೌನವಾಗಿದ್ದ ಪಟ್ಟಿಯಲ್ಲಿ ಆಗ ಪರಭಾಷೆಯ ಕೇಂದ್ರಗಳು ಒಂದರ ಮೇಲೊಂದು ತೇಲಿಬರುತ್ತವೆ. ಹತ್ತಿರದಲ್ಲಿ ಎಲ್.ಇ.ಡಿ. ದೀಪವೋ ಮೊಬೈಲ್ ಚಾರ್ಜರೋ ಇದ್ದರೆ ಮೊರೆತ ಹೆಚ್ಚುತ್ತದೆ. ವಿದ್ಯುಚ್ಚಾಲಿತ ಕಾರುಗಳಲ್ಲಿ ಇಂತಹದೇ ಮೊರೆತದ ಕಾರಣ ಹೇಳಿ ಅಮೆರಿಕದ ಕೆಲವು ಕಾರು ತಯಾರಕರು ಮಧ್ಯಮ ತರಂಗದ ರೇಡಿಯೋವನ್ನೇ ಕೈಬಿಡತೊಡಗಿದರು. ತುರ್ತು ಎಚ್ಚರಿಕೆಗಳನ್ನು ಜನರು ಹೇಗೆ ಕೇಳಬೇಕೆಂಬ ಆಕ್ಷೇಪವೆದ್ದ ಮೇಲೆ, 2023ರಲ್ಲಿ ಫೋರ್ಡ್ ಸಂಸ್ಥೆ ತನ್ನ ನಿರ್ಧಾರವನ್ನು ಹಿಂದೆಗೆದುಕೊಂಡಿತು. ವಿದ್ಯುತ್ ನಿಂತ ಊರಿನಲ್ಲಿ ಈ ಮೊರೆತವೂ ನಿಂತಿರುತ್ತದೆ ಎಂಬುದೊಂದು ವಿಚಿತ್ರ ಅನುಕೂಲ.

ಒತ್ತುಗುಂಡಿಗಳಿಗೆ ಹೊಸ ಕೇಂದ್ರಗಳನ್ನು ಕಲಿಸುವುದು ಕೊನೆಯ ಕೆಲಸ. ಗುಂಡಿಯನ್ನು ಮೊದಲು ಹೊರಕ್ಕೆ ಎಳೆದು, ತಿರುಗುಗುಂಡಿಯಿಂದ ಕೇಂದ್ರವನ್ನು ನಿಖರವಾಗಿ ಹಿಡಿದು, ಎಳೆದ ಗುಂಡಿಯನ್ನು ಒಳಕ್ಕೆ ಒತ್ತಿಬಿಟ್ಟರೆ ಅಲ್ಲಿಗೆ ಅದು ನೆನಪಿನಲ್ಲಿ ನಿಂತಿತು. ದಶಕಗಳ ಕಾಲ ಬೆಂಗಳೂರು ಕೇಂದ್ರವು 612ರಲ್ಲಿಯೂ ಧಾರವಾಡ ಕೇಂದ್ರವು 765ರಲ್ಲಿಯೂ ಕನ್ನಡಿಗರಿಗೆ ಪರಿಚಿತವಾಗಿದ್ದವು. ಈಚಿನ ವರ್ಷಗಳಲ್ಲಿ ದೇಶದ ಹಲವು ಮಧ್ಯಮ ತರಂಗ ಪ್ರಸಾರಗಳು ನಿಂತು ಎಫ್. ಎಂ.ಗೆ ಎಡೆಮಾಡಿಕೊಟ್ಟಿವೆ. ಆದುದರಿಂದ ತಮ್ಮ ಊರಿನಲ್ಲಿ ಹಗಲು ಯಾವುದು, ರಾತ್ರಿ ಯಾವುದು ಸ್ಪಷ್ಟವಾಗಿ ಕೇಳುತ್ತದೆ ಎಂಬುದನ್ನು ಒಂದು ವಾರ ಆಲಿಸಿ, ಬರೆದಿಟ್ಟು, ಆ ಬಳಿಕ ಗುಂಡಿಗಳನ್ನು ಗೊತ್ತುಮಾಡಬೇಕು. ಐದು ಗುಂಡಿಗಳಲ್ಲಿ ಎರಡು ಮೂರು ಖಾಲಿ ಉಳಿದರೂ ಉಳಿಯಬಹುದು.